ಸೀಟು ಗಂಡನೂರಿನದು, ಕಾಗದ ತವರೂರಿನದು

2020ರ ಗ್ರಾಮ ಪಂಚಾಯಿತಿ ಚುನಾವಣೆಯ ಮೊದಲ ಹಂತಕ್ಕೆ ಡಿಸೆಂಬರ್ 7ರಂದು ಅಧಿಸೂಚನೆ ಹೊರಬಿತ್ತು. ನಾಮಪತ್ರಕ್ಕೆ ಕೊನೆಯ ದಿನ 11. ಮರುದಿನವೇ ಪರಿಶೀಲನೆ. ಜಾತಿ ಪ್ರಮಾಣಪತ್ರದ ಅರ್ಜಿಯನ್ನು ವಿಲೇವಾರಿ ಮಾಡಲು ‘ಸಕಾಲ’ ಯೋಜನೆಯಡಿ ಕಂದಾಯ ಇಲಾಖೆಗೆ ಇರುವ ಗಡುವು 21 ದಿನ. ಅಲ್ಲಿ 5 ದಿನ, ಇಲ್ಲಿ 21. ಮೀಸಲು ಸ್ಥಾನಗಳ ಸುತ್ತ ಹಳ್ಳಿಗಳಲ್ಲಿ ನಡೆಯುವ ಅರ್ಧ ಗೋಳಾಟ ಈ ಎರಡು ಅಂಕಿಗಳ ನಡುವೆ ಇದೆ.

ನಾನು ಬಾದನಹಟ್ಟಿಯವನು. ಕುರುಗೋಡು, ಸಿರುಗುಪ್ಪ ಕಡೆಯ ಸರ್ಕಾರಿ ಶಾಲೆಗಳಲ್ಲಿ ಪಾಠ ಹೇಳಿ, ಮುಖ್ಯೋಪಾಧ್ಯಾಯನಾಗಿ ನಿವೃತ್ತನಾಗಿ ಈಗ ಊರಲ್ಲೇ ಇದ್ದೇನೆ. ನಮ್ಮದು ಭತ್ತ, ಹತ್ತಿ, ಮೆಣಸಿನಕಾಯಿಯ ಸೀಮೆ. ಡಿಸೆಂಬರ್ ಎಂದರೆ ಕೂಲಿ ಹೆಂಗಸರಿಗೆ ಬಿಡುವಿಲ್ಲದ ಕಾಲ. ಅಂಥ ಹೊತ್ತಿನಲ್ಲೇ ಚುನಾವಣೆ ಬಂತು, ಒಂದು ದಿನದ ಕೂಲಿ ಬಿಟ್ಟು ಅವರು ಅರ್ಜಿ ಬರೆಸಲು ನಮ್ಮ ಮನೆಯ ಕಟ್ಟೆಗೆ ಬಂದರು. ಒಬ್ಬ ಹೆಣ್ಣುಮಗಳ ಜೊತೆ ನಡೆದ ಮಾತು ಹೀಗಿತ್ತು:

“ಸಾರ್, ನಮ್ ವಾರ್ಡು ಈ ಸಲ ಎಸ್‌ಟಿ ಲೇಡೀಸ್ ಆಗೈತೆ. ನೀನೇ ನಿಲ್ಲು ಅಂತ ನಮ್ಮೋರು ಬೆನ್ನು ಬಿದ್ದಾರೆ. ಕ್ಯಾಸ್ಟ್ ಸರ್ಟಿಫಿಕೇಟು ಬೇಕಂತೆ, ಒಂದು ಅರ್ಜಿ ಬರ್ಕೊಡ್ರಿ.”

“ಬರೆಯೋದು ದೊಡ್ಡದಲ್ಲವ್ವ. ನೀನು ಓದಿದ್ದು ಎಲ್ಲಿ?”

“ತವರೂರಾಗೆ, ಆಲೂರು ಕಡೆ. ಮೂರನೇ ಕ್ಲಾಸಿಗೆ ಬಿಡ್ಸಿದ್ರು.”

“ನಿಮ್ಮಪ್ಪನ ಸರ್ಟಿಫಿಕೇಟು?”

“ಅಪ್ಪ ತೀರಿಕೊಂಡು ಬಾಳ ದಿನ ಆತು, ಸಾರ್. ನಮ್ಮ ಯಜಮಾನಂದು ಐತಲ್ಲ, ಅದು ನಡೆಯಲ್ವೇನು?”

ನಡೆಯುವುದಿಲ್ಲ. ಏಕೆ ನಡೆಯುವುದಿಲ್ಲ ಎಂಬುದನ್ನು ನಮ್ಮ ಹಳ್ಳಿಗಳ ಪ್ರತಿ ಮನೆಯೂ ತಿಳಿದುಕೊಂಡಿರಬೇಕು. ಮೀಸಲಾತಿಯ ಲಾಭ ಯಾರಿಗಾಗಿ ಇದೆಯೋ ಅವರೇ ಒಂದು ಕಾಗದ ಇಲ್ಲದ್ದಕ್ಕೆ ಹೊರಗೆ ನಿಲ್ಲುವುದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಅದಕ್ಕಾಗಿಯೇ ಇದನ್ನು ಬರೆಯುತ್ತಿದ್ದೇನೆ.

ಪಂಚಾಯಿತಿಯಲ್ಲಿ ಮೀಸಲಾತಿ ಯಾರೋ ಕರುಣೆಯಿಂದ ಕೊಟ್ಟದ್ದಲ್ಲ. ಕರ್ನಾಟಕದಲ್ಲಿ ಸಚಿವ ಅಬ್ದುಲ್ ನಜೀರ್ ಸಾಬ್ ಅವರ ಕಾಲದಲ್ಲಿ ಬಂದ 1983ರ ಕಾಯ್ದೆಯಡಿ 1987ರಲ್ಲಿ ಮಂಡಲ ಪಂಚಾಯಿತಿ ಚುನಾವಣೆಗಳು ನಡೆದಾಗಲೇ ಹೆಂಗಸರಿಗೆ ನೂರಕ್ಕೆ 25ರಷ್ಟು ಸ್ಥಾನ ಮೀಸಲಿತ್ತು. ಸಂವಿಧಾನದ 73ನೇ ತಿದ್ದುಪಡಿ 1993ರ ಏಪ್ರಿಲ್ 24ರಿಂದ ಜಾರಿಗೆ ಬಂದ ಮೇಲೆ ಮೀಸಲಾತಿ ಇಡೀ ದೇಶದ ಕಟ್ಟಳೆಯಾಯಿತು. ನಮ್ಮ ರಾಜ್ಯದ ಪಂಚಾಯತ್ ರಾಜ್ ಕಾಯ್ದೆ ಅದೇ ವರ್ಷ ಮೇ 10ಕ್ಕೆ ಜಾರಿಯಾಯಿತು. ಸುಮಾರು 400 ಜನಸಂಖ್ಯೆಗೆ ಒಬ್ಬ ಸದಸ್ಯ. ಆ ಪಂಚಾಯಿತಿಯಲ್ಲಿ ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡದವರು ಎಷ್ಟಿದ್ದಾರೋ ಅದಕ್ಕೆ ತಕ್ಕಷ್ಟು ಸ್ಥಾನ ಅವರಿಗೆ. ಸುಮಾರು ಮೂರರಲ್ಲೊಂದು ಪಾಲು ಹಿಂದುಳಿದ ವರ್ಗಗಳಿಗೆ. ಎಲ್ಲ ಬಗೆಯ ಸ್ಥಾನಗಳಲ್ಲೂ 2010ರ ತಿದ್ದುಪಡಿಯಿಂದೀಚೆಗೆ ಅರ್ಧದಷ್ಟು ಹೆಂಗಸರಿಗೆ. ಹಿಂದುಳಿದ ವರ್ಗಗಳ ಪಾಲಿನ ಬಗ್ಗೆ 2010ರಲ್ಲಿ ಸುಪ್ರೀಂ ಕೋರ್ಟ್ ಕೆ. ಕೃಷ್ಣಮೂರ್ತಿ ಪ್ರಕರಣದಲ್ಲಿ ಕೆಲವು ಷರತ್ತು ಹಾಕಿತು. ಆ ಷರತ್ತಿನಂತೆ ಅಧ್ಯಯನ ಮಾಡಿದ ನ್ಯಾಯಮೂರ್ತಿ ಭಕ್ತವತ್ಸಲ ಆಯೋಗ 2022ರಲ್ಲಿ ಶೇ 33ರ ಮೀಸಲಾತಿಗೆ ಶಿಫಾರಸು ಮಾಡಿತು.

ಸ್ಥಾನ ಮೀಸಲು ಎಂದ ಮೇಲೆ ಅದನ್ನು ಕಾಯುವ ಬೇಲಿಯೂ ಬೇಕು. ಆ ಬೇಲಿಯೇ ತಹಶೀಲ್ದಾರರು ಕೊಡುವ ಜಾತಿ ಪ್ರಮಾಣಪತ್ರ. ಮೀಸಲು ಸ್ಥಾನಕ್ಕೆ ನಾಮಪತ್ರ ಹಾಕುವವರು ತಾವು ಯಾವ ಜಾತಿ, ಯಾವ ವರ್ಗ ಎಂದು ಘೋಷಿಸಿ ಪ್ರಮಾಣಪತ್ರ ಲಗತ್ತಿಸಬೇಕು. ಠೇವಣಿ ಸಾಮಾನ್ಯರಿಗೆ 200 ರೂಪಾಯಿ, ಮೀಸಲು ವರ್ಗದವರಿಗೆ ಮತ್ತು ಹೆಂಗಸರಿಗೆ 100 ರೂಪಾಯಿ. ನೂರು ರೂಪಾಯಿ ಹೊಂದಿಸುವುದು ನಮ್ಮ ಜನಕ್ಕೆ ಅಷ್ಟು ಕಷ್ಟವಲ್ಲ. ಕಾಗದ ಹೊಂದಿಸುವುದೇ ಕಷ್ಟ.

ಪ್ರಮಾಣಪತ್ರದ ದಾರಿ ಹೀಗಿದೆ. ಹೋಬಳಿಯ ನಾಡಕಚೇರಿಯಲ್ಲಿ ಅಥವಾ ಪಂಚಾಯಿತಿಯಲ್ಲೇ ಇರುವ ಸೇವಾ ಕೇಂದ್ರದಲ್ಲಿ ಅರ್ಜಿ ಹಾಕಬೇಕು. ಗ್ರಾಮ ಆಡಳಿತ ಅಧಿಕಾರಿ (ಜನರ ಬಾಯಲ್ಲಿ ಇನ್ನೂ ‘ವಿಎ’ ಅಥವಾ ಹಳಬರ ಬಾಯಲ್ಲಿ ‘ಶಾನುಭೋಗ’) ಊರಲ್ಲಿ ವಿಚಾರಿಸಿ ವರದಿ ಬರೆಯುತ್ತಾರೆ. ಕಂದಾಯ ನಿರೀಕ್ಷಕರು ನೋಡುತ್ತಾರೆ. ಅಲ್ಲಿಂದ ಮೇಲೆ ಹೋಗಿ ತಹಶೀಲ್ದಾರರ ಡಿಜಿಟಲ್ ಸಹಿಯೊಂದಿಗೆ ಆರ್‌ಡಿ ನಂಬರ್ ಬಿದ್ದ ಕಾಗದ ಕೈಗೆ ಬರುತ್ತದೆ. ಇದಕ್ಕೆಲ್ಲ ಬುಡ 1990ರ ರಾಜ್ಯ ಕಾಯ್ದೆ. ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡ ಮತ್ತು ಇತರ ಹಿಂದುಳಿದ ವರ್ಗಗಳ ಮೀಸಲಾತಿಯ ಆ ಕಾಯ್ದೆಯಲ್ಲೇ ಪ್ರಮಾಣಪತ್ರ ಯಾರು ಕೊಡಬೇಕು, ಕೊಡದಿದ್ದರೆ ಯಾರಿಗೆ ಮೇಲ್ಮನವಿ, ಸುಳ್ಳಾದರೆ ಯಾರು ತನಿಖೆ ಮಾಡಬೇಕು ಎಂಬುದೆಲ್ಲ ಇದೆ. ತಹಶೀಲ್ದಾರರು ಅರ್ಜಿ ತಿರಸ್ಕರಿಸಿದರೆ 30 ದಿನದೊಳಗೆ ಉಪವಿಭಾಗಾಧಿಕಾರಿಗೆ ಮೇಲ್ಮನವಿ ಹಾಕಬಹುದು. ಇದು ಬಹಳ ಜನಕ್ಕೆ ಗೊತ್ತಿಲ್ಲ. ‘ಆಗಲ್ಲ’ ಎಂದು ಕೌಂಟರಿನಲ್ಲಿ ಬಾಯಿಮಾತಲ್ಲಿ ಹೇಳಿದರೆ ಅಲ್ಲಿಗೇ ಕೈಚೆಲ್ಲಿ ಬರುತ್ತಾರೆ. ಆಗದಿದ್ದರೆ ಕಾರಣವನ್ನು ಬರಹದಲ್ಲಿ ಕೊಡಿ ಎಂದು ಕೇಳಿ. ಆ ಬರಹ ಇದ್ದರೆ ಮಾತ್ರ ಮುಂದಿನ ಬಾಗಿಲು ತೆರೆಯುತ್ತದೆ.

ಪರಿಶಿಷ್ಟ ಜಾತಿ, ಪಂಗಡ ಮತ್ತು ಪ್ರವರ್ಗ 1ರವರ ಜಾತಿ ಪ್ರಮಾಣಪತ್ರಕ್ಕೆ ಅವಧಿ ಇಲ್ಲ, ರದ್ದಾಗುವವರೆಗೂ ಅದು ಊರ್ಜಿತ. ‘ಕ್ಯಾಸ್ಟ್ ಇನ್‌ಕಮ್’ ಎಂದು ಮಕ್ಕಳ ವಿದ್ಯಾರ್ಥಿವೇತನಕ್ಕೆ ಮಾಡಿಸುವ ಆದಾಯದ ಕಾಗದಕ್ಕೆ ಮಾತ್ರ 5 ವರ್ಷದ ಆಯುಷ್ಯ. ಕುರುಗೋಡು ತಾಲ್ಲೂಕಾಗುವ ಮೊದಲು ನಮ್ಮ ಊರು ಬಳ್ಳಾರಿ ತಾಲ್ಲೂಕಿನಲ್ಲಿತ್ತು. ಆಗಿನ ಬಳ್ಳಾರಿ ತಹಶೀಲ್ದಾರರ ಸಹಿಯ ಹಳೆಯ ಪ್ರಮಾಣಪತ್ರ ಇದ್ದವರು, ತಾಲ್ಲೂಕು ಬದಲಾಯಿತು ಎಂಬ ಕಾರಣಕ್ಕೆ ಅದನ್ನು ಬಿಸಾಡಬೇಕಿಲ್ಲ. ಜೋಪಾನವಾಗಿ ಇಟ್ಟುಕೊಳ್ಳಿ, ಹೊಸದು ಮಾಡಿಸುವಾಗ ಅದೇ ಗಟ್ಟಿ ಆಧಾರ.

ಹಿಂದುಳಿದ ವರ್ಗದವರು ಇನ್ನೊಂದು ಕಡೆ ಎಡವುತ್ತಾರೆ. ಓದು, ನೌಕರಿಗೆ ಪ್ರವರ್ಗ 1, 2ಎ, 2ಬಿ, 3ಎ, 3ಬಿ ಎಂಬ ವಿಂಗಡಣೆ. ಪಂಚಾಯಿತಿಗೆ ಹಾಗಲ್ಲ, ಅಲ್ಲಿ ‘ಹಿಂದುಳಿದ ವರ್ಗ ಅ’ ಮತ್ತು ‘ಹಿಂದುಳಿದ ವರ್ಗ ಬ’ ಎಂದು ಎರಡೇ ಗುಂಪು. ಹಿಂದುಳಿದವರಿಗೆ ಬರುವ ಸ್ಥಾನಗಳಲ್ಲಿ ನೂರಕ್ಕೆ 80 ‘ಅ’ ಗುಂಪಿಗೆ, 20 ‘ಬ’ ಗುಂಪಿಗೆ. ಮಗನ ಕಾಲೇಜು ಸೀಟಿಗೆ ಮಾಡಿಸಿದ ಕಾಗದವನ್ನೇ ನಾಮಪತ್ರಕ್ಕೆ ಅಂಟಿಸಿ, ಪರಿಶೀಲನೆಯ ದಿನ ‘ಚುನಾವಣೆಗೆಂದು ಮಾಡಿಸಿದ್ದು ಎಲ್ಲಿ’ ಎಂಬ ಪ್ರಶ್ನೆಗೆ ತಡವರಿಸುವವರನ್ನು ನೋಡಿದ್ದೇನೆ. ಅರ್ಜಿ ಹಾಕುವಾಗಲೇ ಯಾವ ಉದ್ದೇಶಕ್ಕೆ ಎಂದು ಸ್ಪಷ್ಟವಾಗಿ ಹೇಳಿ ಮಾಡಿಸಬೇಕು.

ಈಗ ಆ ಆಲೂರಿನ ಹೆಣ್ಣುಮಗಳ ಮಾತಿಗೆ ಬರೋಣ. ಮದುವೆಯಾದ ಮೇಲೆ ಅಡ್ಡಹೆಸರು ಬದಲಾಗುತ್ತದೆ, ರೇಷನ್ ಕಾರ್ಡು ಬದಲಾಗುತ್ತದೆ, ಮತದಾರರ ಪಟ್ಟಿಯ ಊರು ಬದಲಾಗುತ್ತದೆ. ಜಾತಿ ಬದಲಾಗುವುದಿಲ್ಲ. 1996ರಲ್ಲಿ ವಲ್ಸಮ್ಮ ಪೌಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ: ಮುಂದುವರಿದ ಜಾತಿಯಲ್ಲಿ ಹುಟ್ಟಿದ ಹೆಣ್ಣು ಹಿಂದುಳಿದ ಜಾತಿಯವನನ್ನು ಮದುವೆಯಾದ ಮಾತ್ರಕ್ಕೆ ಮೀಸಲಾತಿಗೆ ಹಕ್ಕುದಾರಳಾಗುವುದಿಲ್ಲ. 2018ರ ಜನವರಿಯಲ್ಲಿ ಉತ್ತರ ಪ್ರದೇಶದ ಶಿಕ್ಷಕಿಯೊಬ್ಬರ ಪ್ರಕರಣದಲ್ಲೂ ಅದೇ ತೀರ್ಪು. ಅಗರ್‌ವಾಲ್ ಕುಟುಂಬದಲ್ಲಿ ಹುಟ್ಟಿ ಪರಿಶಿಷ್ಟ ಜಾತಿಯವರನ್ನು ಮದುವೆಯಾದ ಅವರು ಗಂಡನ ಜಾತಿಯ ಪ್ರಮಾಣಪತ್ರದ ಮೇಲೆ ಎರಡು ದಶಕ ನೌಕರಿ ಮಾಡಿದ್ದರು. ಜಾತಿ ಹುಟ್ಟಿನಿಂದ ಬರುವುದು, ಮದುವೆಯಿಂದಲ್ಲ ಎಂದಿತು ನ್ಯಾಯಾಲಯ. ಈ ನಿಯಮ ಸರಿಯಾದದ್ದೇ. ಇದಿಲ್ಲದಿದ್ದರೆ ಉಳ್ಳವರ ಮನೆಯ ಹೆಣ್ಣುಮಕ್ಕಳೇ ಮದುವೆಯ ದಾರಿಯಿಂದ ಬಂದು ಮೀಸಲು ಕುರ್ಚಿಗಳಲ್ಲಿ ಕೂರುತ್ತಿದ್ದರು. ಆದರೆ ಇದೇ ನಿಯಮದ ಇನ್ನೊಂದು ಮುಖ ನೋಡಿ. ಗಂಡು ಹುಟ್ಟಿದೂರಲ್ಲೇ ಇರುತ್ತಾನೆ. ಅವನ ಶಾಲೆ ಇಲ್ಲೇ, ಅವನ ಅಪ್ಪನ ಪಹಣಿ ಇಲ್ಲೇ, ಅವನನ್ನು ಬಲ್ಲ ಹಿರಿಯರು ಇಲ್ಲೇ. ಹೆಣ್ಣು ಬೇರೆ ಊರಿಂದ ಬಂದವಳು. ಅವಳ ಒಂದೊಂದು ದಾಖಲೆಗೂ ತವರಿಗೆ ಓಡಬೇಕು. ಅರ್ಧ ಸ್ಥಾನ ಹೆಂಗಸರಿಗೆ ಎಂದು ಕಾಯ್ದೆ ಬರೆದವರು ಈ ಓಡಾಟದ ಭಾರವನ್ನು ಎಣಿಸಲಿಲ್ಲ.

ತವರು ಪಕ್ಕದ ತಾಲ್ಲೂಕಿನಲ್ಲಿದ್ದರೆ ಹೇಗೋ ಬಸ್ಸು ಹತ್ತಿ ಹೋಗಿ ತರಬಹುದು. ನಮ್ಮ ಸೀಮೆಯಲ್ಲಿ ತವರು ಎಷ್ಟೋ ಸಲ ಬೇರೆ ರಾಜ್ಯದಲ್ಲಿರುತ್ತದೆ. ಬಳ್ಳಾರಿ ಜಿಲ್ಲೆ 1953ರ ಅಕ್ಟೋಬರ್ 1ರವರೆಗೆ ಮದರಾಸು ರಾಜ್ಯದ್ದಾಗಿತ್ತು. ಅಂದು ಬಳ್ಳಾರಿ ಮೈಸೂರಿಗೆ ಬಂತು. ಆದವಾನಿ, ಆಲೂರು, ರಾಯದುರ್ಗ ತಾಲ್ಲೂಕುಗಳು ಹೊಸದಾಗಿ ಹುಟ್ಟಿದ ಆಂಧ್ರಕ್ಕೆ ಹೋದವು. ಗಡಿ ಎಳೆದವರು ಬೀಗತನಕ್ಕೆ ಗಡಿ ಎಳೆಯಲಿಲ್ಲ. ಇಂದಿಗೂ ಸಿರುಗುಪ್ಪ, ಕುರುಗೋಡು ಕಡೆಯ ಮನೆಗಳಿಗೆ ಆದವಾನಿ, ಆಲೂರಿನಿಂದ ಹೆಣ್ಣು ಬರುತ್ತಾರೆ, ಇಲ್ಲಿಂದ ಅಲ್ಲಿಗೆ ಹೋಗುತ್ತಾರೆ. ಮನೆಯಲ್ಲಿ ತೆಲುಗು, ಬೀದಿಯಲ್ಲಿ ಕನ್ನಡ.

ಕಾನೂನಿಗೆ ಮಾತ್ರ ಆ ಗಡಿ ಬಹಳ ದೊಡ್ಡದು. ನಮ್ಮಲ್ಲಿ ನಾಯಕ, ಬೇಡ, ವಾಲ್ಮೀಕಿ ಎನ್ನುವವರು ಪರಿಶಿಷ್ಟ ಪಂಗಡ. 1991ರಲ್ಲಿ ಸಂಸತ್ತು ನಾಯಕ್, ಬೇಡ, ಬೇಡರ್, ವಾಲ್ಮೀಕಿ ಹೆಸರುಗಳನ್ನು ಕರ್ನಾಟಕದ ಪಟ್ಟಿಗೆ ಸೇರಿಸಿತು. 2020ರಲ್ಲಿ ಪರಿವಾರ, ತಳವಾರ ಸೇರಿದವು. ಅದೇ ಸಮುದಾಯವನ್ನು ಕರ್ನೂಲು, ಅನಂತಪುರ ಕಡೆ ಬೋಯ ಎನ್ನುತ್ತಾರೆ. ಆಂಧ್ರದಲ್ಲಿ ವಾಲ್ಮೀಕಿಗಳಿಗೆ ಪರಿಶಿಷ್ಟ ಪಂಗಡದ ಸ್ಥಾನ ಇರುವುದು ಗುಡ್ಡಗಾಡಿನ ಏಜೆನ್ಸಿ ಪ್ರದೇಶಗಳಲ್ಲಿ ಮಾತ್ರ. ರಾಯಲಸೀಮೆಯ ಬಯಲಿನಲ್ಲಿ ಅವರು ಹಿಂದುಳಿದ ವರ್ಗ. ಅಂದರೆ ಆಲೂರಿನಲ್ಲಿ ಹುಟ್ಟಿದ ಬೋಯರ ಹುಡುಗಿ ಬಾದನಹಟ್ಟಿಯ ನಾಯಕರ ಮನೆಗೆ ಸೊಸೆಯಾಗಿ ಬಂದರೆ, ಗಂಡ ಎಸ್‌ಟಿ, ಮಕ್ಕಳು ಎಸ್‌ಟಿ, ಅವಳು ಮಾತ್ರ ಕಾಗದದಲ್ಲಿ ಎಲ್ಲಿಯೂ ಸಲ್ಲದವಳು. ಒಂದೇ ಕುಲ, ಒಂದೇ ದೇವರು, ಒಂದೇ ಬಡತನ. ನಡುವೆ ಇರುವುದು ಒಂದು ರಾಜ್ಯದ ಪಟ್ಟಿ.

ಎರಡೂ ರಾಜ್ಯಗಳ ಪಟ್ಟಿಯಲ್ಲಿರುವ ಜಾತಿಯಾದರೆ ತೊಂದರೆ ಇಲ್ಲ ಎಂದುಕೊಳ್ಳುವವರಿದ್ದಾರೆ. ಅದೂ ಹಾಗಲ್ಲ. ಪರಿಶಿಷ್ಟರ ಪಟ್ಟಿ ಆಯಾ ರಾಜ್ಯಕ್ಕೆ ಸಂಬಂಧಿಸಿದ್ದು, ವಲಸೆ ಹೋದವರು ಅದನ್ನು ಬೇರೆ ರಾಜ್ಯಕ್ಕೆ ಒಯ್ಯಲಾಗದು ಎಂದು 1990ರಲ್ಲಿ ಮರ್ರಿ ಚಂದ್ರಶೇಖರ ರಾವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಮದುವೆಯ ವಲಸೆಗೂ ಅದೇ ಅನ್ವಯ ಎಂಬುದು 2018ರ ರಂಜನಾ ಕುಮಾರಿ ಪ್ರಕರಣದಲ್ಲಿ ಖಚಿತವಾಯಿತು. ಪಂಜಾಬಿನ ಪರಿಶಿಷ್ಟ ಜಾತಿಯ ವಾಲ್ಮೀಕಿ ಹೆಣ್ಣುಮಗಳು ಉತ್ತರಾಖಂಡದ ವಾಲ್ಮೀಕಿ ಮನೆಗೆ ಬಂದಿದ್ದರು. ಎರಡೂ ಕಡೆ ಅದು ಪರಿಶಿಷ್ಟ ಜಾತಿಯೇ. ಆದರೂ ಉತ್ತರಾಖಂಡದ ಮೀಸಲಾತಿ ಅವರಿಗೆ ಸಿಗಲಿಲ್ಲ. ಇನ್ನೊಂದು ಸಂಗತಿ: ಲೋಕಸಭೆಯ ಮೀಸಲು ಕ್ಷೇತ್ರಕ್ಕೆ ಬೇರೆ ರಾಜ್ಯದ ಪರಿಶಿಷ್ಟರೂ ನಿಲ್ಲಬಹುದು ಎಂದು ಜನಪ್ರತಿನಿಧಿ ಕಾಯ್ದೆಯೇ ಹೇಳುತ್ತದೆ. ಆದವಾನಿಯ ಮಾದಿಗರ ಹೆಣ್ಣುಮಗಳು ಬಯಸಿದರೆ ಕರ್ನಾಟಕದ ಮೀಸಲು ಕ್ಷೇತ್ರವೊಂದರಿಂದ ಸಂಸತ್ತಿಗೆ ಸ್ಪರ್ಧಿಸಬಹುದು. ತಾನು ಬಾಳುತ್ತಿರುವ ಊರಿನ ಪಂಚಾಯಿತಿಯ ಮೀಸಲು ಸ್ಥಾನಕ್ಕೆ ಬಂದಾಗ ಮಾತ್ರ ಅವಳ ಮುಂದೆ ರಾಜ್ಯದ ಪಟ್ಟಿಯ ಪ್ರಶ್ನೆ ಏಳುತ್ತದೆ. ಇಪ್ಪತ್ತು ವರ್ಷದಿಂದ ಇಲ್ಲಿ ನಾಟಿ ಹಚ್ಚಿದ, ಇಲ್ಲೇ ಮಕ್ಕಳನ್ನು ಹೆತ್ತ ಹೆಂಗಸಿಗೆ ಇದನ್ನು ಹೇಗೆ ಒಪ್ಪಿಸುವುದು? ನನಗೆ ಇದು ನ್ಯಾಯ ಎನಿಸುವುದಿಲ್ಲ. ಗಡಿ ಜಿಲ್ಲೆಗಳ ಸೊಸೆಯಂದಿರ ವಿಷಯವನ್ನು ಸಂಸತ್ತು ಕುಳಿತು ಯೋಚಿಸಬೇಕು. ಅಲ್ಲಿಯವರೆಗೆ ಸಾಮಾನ್ಯ ಸ್ಥಾನ, ಸಾಮಾನ್ಯ ಮಹಿಳಾ ಸ್ಥಾನ ಇವೆರಡೇ ಅವರಿಗೆ ತೆರೆದ ಬಾಗಿಲು. ಅವಕ್ಕೆ ಜಾತಿ ಪ್ರಮಾಣಪತ್ರ ಬೇಕಿಲ್ಲ.

ನಾನು ಕೆಲಸ ಮಾಡಿದ ಶಾಲೆಗಳ ದಾಖಲಾತಿ ವಹಿಗಳ ಬಗ್ಗೆ ಎರಡು ಮಾತು ಹೇಳಲೇಬೇಕು. ಜಾತಿಯ ವಿಚಾರಣೆ ಯಾವ ಹಂತದಲ್ಲೇ ನಡೆಯಲಿ, ಕೊನೆಗೆ ಬಂದು ನಿಲ್ಲುವುದು ಆ ವಹಿಯ ಮುಂದೆ. ದಾಖಲೆ ಹಳೆಯದಾದಷ್ಟೂ ಅದರ ತೂಕ ಹೆಚ್ಚು. ಸಂವಿಧಾನ ಬರುವ ಮೊದಲಿನ ದಾಖಲೆಯಾದರೆ ಇನ್ನೂ ಹೆಚ್ಚು. ಮೀಸಲಾತಿಯ ಆಸೆ ಇಲ್ಲದ ಕಾಲದಲ್ಲಿ ಯಾರೂ ಸುಳ್ಳು ಬರೆಸುತ್ತಿರಲಿಲ್ಲ ಎಂಬುದು ಅದರ ತರ್ಕ. ನಮ್ಮ ಕಡೆ ಮದರಾಸು ಆಡಳಿತದ ಕಾಲದ ಕೆಲವು ವಹಿಗಳು ತೆಲುಗಿನಲ್ಲಿ, ಕೆಲವು ಇಂಗ್ಲಿಷಿನಲ್ಲಿವೆ. ಹಾಳೆ ಮುಟ್ಟಿದರೆ ಪುಡಿಯಾಗುವ ಸ್ಥಿತಿ. ಅವುಗಳಲ್ಲಿ ಒಬ್ಬ ಅಣ್ಣನ ಹೆಸರಿನ ಮುಂದೆ ‘ಬೇಡ’ ಎಂದಿದೆ, ಬೇರೆ ಮೇಷ್ಟ್ರ ಕಾಲದಲ್ಲಿ ಸೇರಿದ ತಮ್ಮನ ಮುಂದೆ ‘ತಳವಾರ’, ತಂಗಿಯ ಮುಂದೆ ‘ಹಿಂದೂ’ ಎಂದಷ್ಟೇ. ಮಗುವನ್ನು ಸೇರಿಸಲು ಬಂದ ಅಜ್ಜಿ ಏನು ಹೇಳಿದಳೋ ಅದನ್ನು ಮೇಷ್ಟ್ರು ಬರೆದುಕೊಂಡರು. ಮೂವತ್ತು ವರ್ಷದ ಮೇಲೆ ಅದೇ ಮಗು ಪಂಚಾಯಿತಿಗೆ ನಿಂತಾಗ ಆ ಒಂದು ಪದ ಎದುರಾಳಿಯ ಕೈಗೆ ಸಿಗುತ್ತದೆ. 2000ನೇ ಇಸವಿಯ ಮಿಲಿಂದ್ ಪ್ರಕರಣದ ಸಂವಿಧಾನ ಪೀಠದ ತೀರ್ಪಿನ ಮೇಲೆ, ಪಟ್ಟಿಯಲ್ಲಿರುವ ಹೆಸರೇ ಹೆಸರು. ‘ಅದೂ ಇದೂ ಒಂದೇ ಜಾತಿ’ ಎಂದು ಸಾಕ್ಷಿ ಹೇಳಿಸಿ ಪಟ್ಟಿಯನ್ನು ಹಿಗ್ಗಿಸಲು ಬರುವುದಿಲ್ಲ. ಮಗು ಶಾಲೆ ಬಿಟ್ಟ ಮೇಲೆ ವಹಿ ತಿದ್ದುವುದು ಮುಖ್ಯೋಪಾಧ್ಯಾಯನ ಕೈಯಲ್ಲೂ ಇಲ್ಲ. ಆದ್ದರಿಂದ ಈಗ ಒಂದನೇ ತರಗತಿಗೆ ಮಕ್ಕಳನ್ನು ಸೇರಿಸಿಕೊಳ್ಳುತ್ತಿರುವ ಶಿಕ್ಷಕ ಮಿತ್ರರಿಗೆ ನನ್ನ ವಿನಂತಿ: ಬಾಯಿಮಾತು ಕೇಳಿ ಬರೆಯಬೇಡಿ. ತಂದೆಯ ಅಥವಾ ತಾಯಿಯ ಪ್ರಮಾಣಪತ್ರ ನೋಡಿ, ಅದರಲ್ಲಿ ಇರುವ ಅಕ್ಷರವನ್ನೇ ಬರೆಯಿರಿ.

ತಾಯಿಯ ಪ್ರಮಾಣಪತ್ರ ಎಂದು ಬೇಕೆಂದೇ ಬರೆದೆ. ನಮ್ಮ ಜಿಲ್ಲೆಯಲ್ಲಿ ಮಾಜಿ ದೇವದಾಸಿ ತಾಯಂದಿರಿದ್ದಾರೆ, ಬಹಳ ಮಟ್ಟಿಗೆ ಮಾದಿಗ ಮತ್ತು ನಾಯಕ ಸಮುದಾಯದವರು. ದೇವದಾಸಿ ಸಮರ್ಪಣೆಯನ್ನು 1982ರ ಕಾಯ್ದೆ ನಿಷೇಧಿಸಿತು. ಆದರೆ ಅವರ ಮಕ್ಕಳು ಪ್ರತಿ ಅರ್ಜಿಯಲ್ಲೂ ‘ತಂದೆಯ ಹೆಸರು’ ಎಂಬ ಖಾಲಿ ಜಾಗದ ಮುಂದೆ ತಲೆ ತಗ್ಗಿಸಿ ನಿಲ್ಲುವುದು ಅದರಿಂದ ನಿಲ್ಲಲಿಲ್ಲ. ಮಗುವಿನ ಜಾತಿ ತಂದೆಯದೇ ಎಂಬುದು ಬರೀ ಊಹೆ, ತಾಯಿಯ ಸಮುದಾಯದಲ್ಲಿ ಬೆಳೆದು ಅದೇ ಅವಮಾನ, ಅದೇ ಕಷ್ಟ ಉಂಡಿದ್ದರೆ ಆ ಊಹೆಯನ್ನು ಬದಿಗಿಡಬಹುದು ಎಂದು 2012ರಲ್ಲಿ ಸುಪ್ರೀಂ ಕೋರ್ಟ್ ರಮೇಶಭಾಯಿ ನಾಯ್ಕ ಪ್ರಕರಣದಲ್ಲಿ ಹೇಳಿದೆ. ಕಟ್ಟೆಗೆ ಬಂದವರಿಗೆಲ್ಲ ಈ ತೀರ್ಪಿನ ಹೆಸರನ್ನು ಚೀಟಿಯಲ್ಲಿ ಬರೆದುಕೊಡುತ್ತೇನೆ. ಅಧಿಕಾರಿಯ ಮುಂದೆ ಬರಿಗೈಯಲ್ಲಿ ನಿಲ್ಲುವುದಕ್ಕಿಂತ ಒಂದು ತೀರ್ಪಿನ ಹೆಸರು ಹಿಡಿದು ನಿಲ್ಲುವುದು ಮೇಲು.

ಗೆದ್ದ ಮೇಲೆ ಎಲ್ಲ ಮುಗಿಯಿತು ಎಂದುಕೊಂಡರೆ ತಪ್ಪು. ಸದಸ್ಯೆಯಾಗಿ ಸುಮ್ಮನೆ ಕುಳಿತಿರುವವರೆಗೆ ಅವಳ ಜಾತಿಯ ಬಗ್ಗೆ ಯಾರೂ ಕೇಳುವುದಿಲ್ಲ. ಅಧ್ಯಕ್ಷ ಸ್ಥಾನದ ಮೀಸಲಾತಿ ಪ್ರಕಟವಾಗಿ, ಆ ಪಂಚಾಯಿತಿಯಲ್ಲಿ ಆ ವರ್ಗದ ಸದಸ್ಯೆ ಅವಳೊಬ್ಬಳೇ ಎಂದು ಗೊತ್ತಾದ ದಿನ ದೂರು ಹುಟ್ಟುತ್ತದೆ. 2020ರಲ್ಲಿ ಆಯ್ಕೆಯಾದ ಪಂಚಾಯಿತಿಗಳಲ್ಲಿ ಅಧ್ಯಕ್ಷರ ಅವಧಿ 30 ತಿಂಗಳು. ಹಾಗಾಗಿ ಐದು ವರ್ಷದಲ್ಲಿ ಎರಡು ಸಲ ಈ ಕಾವು ಏರಿತು. ಆಯ್ಕೆಯನ್ನೇ ಪ್ರಶ್ನಿಸುವುದಾದರೆ ಫಲಿತಾಂಶ ಬಂದ 30 ದಿನದೊಳಗೆ ಸಿವಿಲ್ ನ್ಯಾಯಾಧೀಶರ ಮುಂದೆ ಚುನಾವಣಾ ಅರ್ಜಿ ಹಾಕಬೇಕು. ಆ ಗಡುವು ಮೀರಿದವರು ಜಿಲ್ಲಾ ಜಾತಿ ಪರಿಶೀಲನಾ ಸಮಿತಿಗೆ ಹೋಗುತ್ತಾರೆ. ಜಿಲ್ಲಾಧಿಕಾರಿ ಅದರ ಅಧ್ಯಕ್ಷರು. ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯದ ಪೊಲೀಸರು ಊರಿಗೆ ಬಂದು ಶಾಲೆಯ ವಹಿ, ವಂಶವೃಕ್ಷ, ನೆರೆಯವರ ಹೇಳಿಕೆ ಎಲ್ಲ ಕಲೆಹಾಕುತ್ತಾರೆ. ಇಂಥ ಸಮಿತಿಗಳ ವ್ಯವಸ್ಥೆ ದೇಶದಲ್ಲಿ ಬೇರೂರಿದ್ದು 1994ರ ಮಾಧುರಿ ಪಾಟೀಲ್ ಪ್ರಕರಣದ ತೀರ್ಪಿನಿಂದ.

ವ್ಯವಸ್ಥೆ ಒಳ್ಳೆಯದೇ, ಆದರೆ ಆಮೆಯ ನಡಿಗೆ. ಮುಳಬಾಗಿಲು ವಿಧಾನಸಭಾ ಮೀಸಲು ಕ್ಷೇತ್ರದಿಂದ 2013ರಲ್ಲಿ ಬುಡಗ ಜಂಗಮ ಪ್ರಮಾಣಪತ್ರದ ಮೇಲೆ ಗೆದ್ದ ಕೊತ್ತೂರು ಜಿ. ಮಂಜುನಾಥ್ ಅವರ ಆಯ್ಕೆಯನ್ನು ಹೈಕೋರ್ಟ್ ಅಸಿಂಧುಗೊಳಿಸಿದ್ದು 2018ರ ಏಪ್ರಿಲ್‌ನಲ್ಲಿ, ಐದು ವರ್ಷದ ಅವಧಿ ಮುಗಿಯಲು ಕೆಲವೇ ವಾರಗಳಿದ್ದಾಗ. ಅಮರಾವತಿಯ ಆಗಿನ ಸಂಸದೆ ನವನೀತ್ ರಾಣಾ ಅವರದು ತಿರುವು ಮುರುವು: 2021ರಲ್ಲಿ ಬಾಂಬೆ ಹೈಕೋರ್ಟ್ ಅವರ ಪ್ರಮಾಣಪತ್ರ ರದ್ದು ಮಾಡಿತು, 2024ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಆ ಪ್ರಮಾಣಪತ್ರವನ್ನು ಎತ್ತಿಹಿಡಿಯಿತು. ಅಷ್ಟರಲ್ಲಿ ಅವರ ಅವಧಿಯೂ ಮುಗಿಯುತ್ತ ಬಂದಿತ್ತು. ವಕೀಲರನ್ನಿಡಲು ಶಕ್ತಿ ಇರುವ ಶಾಸಕ, ಸಂಸದರ ಪ್ರಕರಣಗಳೇ ಹೀಗಾದರೆ, ಕೂಲಿ ಮಾಡುವ ಪಂಚಾಯಿತಿ ಸದಸ್ಯೆ ವಿಚಾರಣೆಗೆ ಕರೆದಾಗಲೆಲ್ಲ ಬಳ್ಳಾರಿಗೆ ಹೋಗಿ ಬರುವುದು ಎಷ್ಟು ದಿನ ಸಾಧ್ಯ? ಸುಳ್ಳು ಕಾಗದದವರಿಗೆ ಈ ನಿಧಾನದಿಂದ ಅವಧಿ ಪೂರ್ತಿ ಅಧಿಕಾರ ಸಿಗುತ್ತದೆ. ನಿಜವಾದವರಿಗೆ ಅವಧಿ ಪೂರ್ತಿ ಕಿರುಕುಳ.

ಗಡಿಯಾಚೆ ಮಹಾರಾಷ್ಟ್ರದ ಕ್ರಮ ಬೇರೆ. ಜತ್ತ, ಅಕ್ಕಲಕೋಟೆ ತಾಲ್ಲೂಕುಗಳಲ್ಲಿ ಕನ್ನಡ ಮಾತಾಡುವ ಹಳ್ಳಿಗಳಿವೆ. ಅಲ್ಲಿನ ಮೀಸಲು ಸದಸ್ಯರಿಗೆ ಜಾತಿ ಪ್ರಮಾಣಪತ್ರ ಒಂದೇ ಸಾಲದು. ಪರಿಶೀಲನಾ ಸಮಿತಿ ಅದನ್ನು ತಪಾಸಣೆ ಮಾಡಿ ಕೊಡುವ ಸಿಂಧುತ್ವ ಪ್ರಮಾಣಪತ್ರವೂ ಬೇಕು. ನಾಮಪತ್ರದ ವೇಳೆಗೆ ಅದು ಕೈಗೆ ಬರದಿದ್ದರೆ, ಗೆದ್ದ ಮೇಲೆ ನಿಗದಿತ ತಿಂಗಳೊಳಗೆ ತರುತ್ತೇನೆ ಎಂದು ಬರೆದುಕೊಟ್ಟು ಸ್ಪರ್ಧಿಸಬಹುದು. ತರದಿದ್ದರೆ ಸದಸ್ಯತ್ವ ತಾನಾಗಿ ಹೋಗುತ್ತದೆ. ಈ ಗಡುವು ಕಡ್ಡಾಯ ಎಂದು 2018ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿದಾಗ ಕೊಲ್ಹಾಪುರ ಮಹಾನಗರ ಪಾಲಿಕೆಯ ಸದಸ್ಯರ ಸ್ಥಾನಗಳೇ ಅಲುಗಾಡಿದವು. ಸರ್ಕಾರ ಓಡಿಬಂದು ಆರು ತಿಂಗಳಿದ್ದ ಗಡುವನ್ನು 12 ತಿಂಗಳಿಗೆ ಹೆಚ್ಚಿಸಿತು. ಆ ಕ್ರಮದಲ್ಲಿ ಒಂದು ಗುಣವಿದೆ: ಪ್ರತಿ ಮೀಸಲು ಸದಸ್ಯನ ಕಾಗದವೂ ಕಡ್ಡಾಯವಾಗಿ ಪರಿಶೀಲನೆಗೆ ಒಳಗಾಗುತ್ತದೆ, ಎದುರಾಳಿಯ ದ್ವೇಷಕ್ಕೆ ಕಾಯಬೇಕಿಲ್ಲ. ದೋಷವೂ ಇದೆ: ಸಮಿತಿ ತಡ ಮಾಡಿದರೂ ಕುರ್ಚಿ ಕಳೆದುಕೊಳ್ಳುವವನು ಸದಸ್ಯನೇ. ಮಹಾರಾಷ್ಟ್ರವನ್ನು ಹಾಗೇ ನಕಲು ಮಾಡುವುದು ಬೇಡ. ಪರಿಶೀಲನೆ ಎಲ್ಲರಿಗೂ ಇರಲಿ, ಚುನಾವಣೆಗೆ ಮೊದಲೇ ಆಗಲಿ, ಓಡಾಟ ಇಲಾಖೆಯದಾಗಲಿ.

ಇದಕ್ಕೆ ಹೊಸ ಕಚೇರಿ ಬೇಕಿಲ್ಲ. ಪಿಂಚಣಿ ಅದಾಲತ್ ನಡೆಯುತ್ತದೆ. ಜಿಲ್ಲಾಧಿಕಾರಿಗಳು ಹಳ್ಳಿಗೆ ಬರುವ ಕಾರ್ಯಕ್ರಮ 2021ರಲ್ಲಿ ಶುರುವಾಯಿತು. ವರ್ಷಕ್ಕೆ ಒಂದು ಗ್ರಾಮ ಸಭೆಯಲ್ಲಿ ಮದುವೆಯಾಗಿ ಬಂದ ಹೆಣ್ಣುಮಕ್ಕಳ ಜಾತಿ ಪ್ರಮಾಣಪತ್ರಕ್ಕೆಂದೇ ಅರ್ಜಿ ತೆಗೆದುಕೊಳ್ಳಲಿ. ತವರಿನ ತಹಶೀಲ್ದಾರರಿಗೆ ಇಲ್ಲಿನ ತಹಶೀಲ್ದಾರರೇ ಬರೆದು ದಾಖಲೆ ತರಿಸಲಿ. ಜಮೀನಿನ ಪಹಣಿ ಯಾವ ಜಿಲ್ಲೆಯಿಂದಲಾದರೂ ತೆಗೆಯಬಹುದಾದ ಕಾಲದಲ್ಲಿ ಒಬ್ಬ ಹೆಣ್ಣುಮಗಳ ಶಾಲಾ ದಾಖಲೆ ಒಂದು ತಾಲ್ಲೂಕಿನಿಂದ ಇನ್ನೊಂದಕ್ಕೆ ಬರಲಾರದೆ? ಬಡವರ ಕಾಗದ ಊರಿನ ದೊಡ್ಡವರ ಮನೆಯ ಪೆಟ್ಟಿಗೆಯಲ್ಲಿ ಇರುವ ರೂಢಿಯೂ ನಿಲ್ಲಬೇಕು. “ಚುನಾವಣೆಗೆ ನಾನೇ ನಿಲ್ಲಿಸ್ತೀನಿ, ನಾನೇ ಮಾಡಿಸಿಕೊಡ್ತೀನಿ” ಎಂದು ಪ್ರಮಾಣಪತ್ರ ಮಾಡಿಸಿದವರು ಅದನ್ನು ತಮ್ಮಲ್ಲೇ ಇಟ್ಟುಕೊಂಡರೆ, ಆಮೇಲೆ ಪಂಚಾಯಿತಿಯ ಚೆಕ್ಕಿಗೆ ಯಾರ ಮಾತಿನಂತೆ ಸಹಿ ಬೀಳುತ್ತದೆ ಎಂದು ಬಿಡಿಸಿ ಹೇಳಬೇಕಿಲ್ಲ.

ಸರ್ಕಾರ ಇದನ್ನು ಮಾಡುವವರೆಗೆ ಕಾಯಬೇಡಿ. ಮನೆಯಲ್ಲಿ ಮದುವೆಗೆ ಬಂದ ಮಗಳಿದ್ದರೆ, ಲಗ್ನಪತ್ರಿಕೆ ಅಚ್ಚಾಗುವ ಮೊದಲು ಅವಳ ಜಾತಿ ಪ್ರಮಾಣಪತ್ರ ಮಾಡಿಸಿ. ಅದರ ಆರ್‌ಡಿ ನಂಬರ್, ಅವಳ ಟಿಸಿ, ನಿಮ್ಮ ಪ್ರಮಾಣಪತ್ರದ ಒಂದು ನಕಲು, ವಂಶವೃಕ್ಷ ಇಷ್ಟನ್ನೂ ಒಂದು ಕವರಿನಲ್ಲಿ ಹಾಕಿ ಸೀರೆ, ಪಾತ್ರೆಗಳ ಜೊತೆ ಅವಳ ಕೈಗೇ ಕೊಟ್ಟು ಕಳಿಸಿ. ಸೊಸೆ ತಂದುಕೊಂಡವರು ಆ ಕವರು ಬಂದಿದೆಯೇ ಎಂದು ಕೇಳಿ, ಇಲ್ಲವಾದರೆ ಬೀಗರಿಂದ ತರಿಸಿಕೊಳ್ಳಿ. ಮುಂದಿನ ಚುನಾವಣೆಯ ಅಧಿಸೂಚನೆ ಬಂದಾಗ ನಿಮಗೆ ಸಿಗುವುದು ಹೆಚ್ಚೆಂದರೆ ಒಂದು ವಾರ.